ಬಿಸಿಲಿಗೆ ಹಿಡಿದ ರೀಲು

ನಾನು ಚಿಕ್ಕವನಿದ್ದಾಗ ನಮ್ಮೂರಿನ ಮಕ್ಕಳ ಜೇಬಿನಲ್ಲಿ ಗೋಲಿಗಳ ಜೊತೆ ಸಿನಿಮಾ ರೀಲಿನ ತುಂಡುಗಳೂ ಇರುತ್ತಿದ್ದವು. ಮದ್ದೂರಿನ ಟೆಂಟ್ ಸಿನಿಮಾದ ಹಿಂದೆ ಬಿಸಾಡಿದ ತುಂಡುಗಳನ್ನು ಆರಿಸಿ ತಂದು, ಒಂದು ಕಣ್ಣು ಮುಚ್ಚಿ ಬಿಸಿಲಿಗೆ ಹಿಡಿಯುತ್ತಿದ್ದೆವು. ಹೆಬ್ಬೆರಳಿನಷ್ಟು ಜಾಗದಲ್ಲಿ ರಾಜ, ಕುದುರೆ, ಅಳುವ ಹೆಂಗಸು ಎಲ್ಲ ಕಾಣುತ್ತಿತ್ತು.

ಅಪ್ಪ ಮದ್ರಾಸಿನಲ್ಲಿ ಛಾಯಾಗ್ರಾಹಕರಾಗಿದ್ದರು. ಕ್ಯಾಮೆರಾ ಹೊರುವ ಕೆಲಸದಿಂದ ಶುರುಮಾಡಿದವರು. ದೇವಲೋಕವಾಗಲಿ, ಮಳೆಯಲ್ಲಿನ ಹೊಡೆದಾಟವಾಗಲಿ, ಬೆಟ್ಟದ ಮೇಲಿನ ಹಾಡಾಗಲಿ, ಏನು ಕೊಟ್ಟರೂ ತೆಗೆಯಬಲ್ಲವರೆಂದು ಹೆಸರಾಗಿದ್ದರು. ಆ ವರ್ಷ ತಾವೇ ನಿರ್ಮಾಪಕರಾಗಿ, ಮೊದಲ ಸ್ವಂತ ಚಿತ್ರವನ್ನು ನಮ್ಮೂರ ಪಕ್ಕದ ಶಿಂಷಾ ಹೊಳೆಯ ದಡದಲ್ಲೇ ತೆಗೆದರು. ಎಷ್ಟೋ ನಾಯಕಿಯರ ಮುಖಕ್ಕೆ ಬೆಳಕು ಹಿಡಿದವರ ಮನೆಯಲ್ಲಿ ಅಕ್ಕನದೊಂದು ಫೋಟೊ ಕೂಡ ಇರಲಿಲ್ಲ.

ಚಿತ್ರೀಕರಣ ಮುಗಿದ ಮಾರನೆಯ ಬೆಳಿಗ್ಗೆ ಕ್ಯಾಮೆರಾದಲ್ಲಿ ಒಂದಿಷ್ಟು ರೀಲು ಉಳಿದಿತ್ತು. ಅಪ್ಪ ಅಕ್ಕನನ್ನು ಕರೆದರು.

“ಇರಪ್ಪ, ತಲೆ ಬಾಚ್ಕಂಡು ಬತ್ತೀನಿ. ನಿನ್ ಈರೋಯಿನ್‌ಗಾದ್ರೆ ಒತ್ತಾರೆಯಿಂದ ಕಾಯ್ತೀಯ!” ಅಂದಳು ಅಕ್ಕ.

“ಅವ್ಳಿಗೆ ನಡಿಯಾದೂ ನಾನೇ ಯೋಳ್ಕೊಡ್ಬೇಕು ಕಣವ್ವ. ನೀನು ಮಾಮೂಲಾಗಿ ಬಾ, ಸಾಕು,” ಅಂದರು ಅಪ್ಪ.

ಅಕ್ಕ ಲಂಗ ಎತ್ತಿ ಹಿಡಿದು ಮೊಣಕಾಲುದ್ದ ನೀರಿನಲ್ಲಿ ನಡೆದು ಬಂದಳು. ಪಾಚಿಗಟ್ಟಿದ ಕಲ್ಲಿನ ಮೇಲೆ ಕಾಲು ಜಾರಿತು. ಜೋರಾಗಿ ನಕ್ಕಳು. ಆಗಲೇ ರೀಲು ಮುಗಿದು ಕ್ಯಾಮೆರಾ ನಿಂತಿತು.

ಚಿತ್ರದ ಡಬ್ಬಗಳೆಲ್ಲ ಹಿಂದಿನ ದಿನವೇ ಮದ್ರಾಸಿನ ಲ್ಯಾಬಿಗೆ ಹೋಗಿದ್ದವು. ಅಕ್ಕನ ರೀಲು ಹಾಕಿದ ಈ ಒಂದು ಪುಟ್ಟ ಡಬ್ಬದ ಸುತ್ತ ಅಪ್ಪ ಅಂಟುಪಟ್ಟಿ ಸುತ್ತಿ ದೇವರ ಗೂಡಿನಲ್ಲಿಟ್ಟರು. ತಂಡದವರನ್ನು ರೈಲು ಹತ್ತಿಸಲು ಮದ್ದೂರಿಗೆ ಹೋದರು.

ಎಲ್ಲರಿಗಿಂತ ಮೊದಲು ಅಕ್ಕನನ್ನು ನಾನು ನೋಡಬೇಕಿತ್ತು. ಡಬ್ಬ ತೆರೆದೆ, ರೀಲು ಬಿಚ್ಚಿ ಮಧ್ಯಾಹ್ನದ ಬಿಸಿಲಿಗೆ ಹಿಡಿದೆ. ಲ್ಯಾಬಿನಲ್ಲಿ ತೊಳೆಯುವ ಮೊದಲೇ ಬೆಳಕು ಬಿದ್ದರೆ ಚಿತ್ರವೆಲ್ಲ ಹಾಳಾಗುತ್ತದೆಂದು ನನಗೆ ಗೊತ್ತಿರಲಿಲ್ಲ. ಒಂದು ಮಾರು ಎಳೆದೆ, ಇನ್ನೊಂದು ಮಾರು ಎಳೆದೆ. ಉದ್ದಕ್ಕೂ ಬರೀ ಬೂದಿ ಬಣ್ಣ.

ಅಪ್ಪ ಅಂಗಳಕ್ಕೆ ಕಾಲಿಡುವಷ್ಟರಲ್ಲಿ ಅಕ್ಕ ಓಡಿಬಂದು ರೀಲನ್ನು ನನ್ನ ಕೈಯಿಂದ ಕಿತ್ತುಕೊಂಡಿದ್ದಳು.

“ನಾನೇ ಬಿಚ್ಚಿದ್ದು ಕಣಪ್ಪ. ಎಂಗ್ ಕಾಣ್ತೀನಿ ನೋಡಾನ ಅಂತ,” ಅಂದಳು.

ಅಪ್ಪ ರೀಲನ್ನು ಇಸಿದುಕೊಂಡು, ಮತ್ತೆ ಸುತ್ತಿ ಡಬ್ಬದಲ್ಲಿಟ್ಟರು. ಆಮೇಲೆ, “ಬುಡವ್ವ. ಮುಂದಿನ್ ಸಲ ಬಂದಾಗ ತೆಗಿತೀನಿ,” ಅಂದರು.

ಮುಂದಿನ ಸಲ ಅಪ್ಪ ಊರಿಗೆ ಬಂದದ್ದು ನಾವು ಕಳಿಸಿದ ತಂತಿ ನೋಡಿ. ಅಷ್ಟರಲ್ಲಿ ಅಕ್ಕ ಜ್ವರದಿಂದ ತೀರಿಕೊಂಡಿದ್ದಳು.

ಆಮೇಲೂ ಅಪ್ಪ ಬಹಳ ಚಿತ್ರಗಳನ್ನು ತೆಗೆದರು, ಕೆಲವನ್ನು ನಿರ್ಮಿಸಿದರು. ಎಲ್ಲವನ್ನೂ ನೋಡಿದ್ದೇನೆ. ಅವುಗಳಲ್ಲಿ ಹೊಳೆಯಿದೆ, ಹೊಳೆಗೆ ಇಳಿಯುವ ಹುಡುಗಿಯಿಲ್ಲ. ಡಬ್ಬ ತೆರೆದವನು ನಾನೆಂದು ಅಪ್ಪನಿಗೆ ಹೇಳಲು ಎಷ್ಟೋ ಸಲ ಹೋಗಿ, ಹೇಳದೆ ಬಂದೆ. ಈಗ ಅಪ್ಪನೂ ಇಲ್ಲ.

ಮಕ್ಕಳೇ, ನೀವು ಫೋನು ಎತ್ತಿದರೆ ಮರುಕ್ಷಣವೇ ಚಿತ್ರ ಕಾಣುತ್ತದೆ. ಚೆನ್ನಾಗಿಲ್ಲವೆಂದು ಅಳಿಸಿ ಇನ್ನೊಂದು ತೆಗೆಯುತ್ತೀರಿ. ಮೊನ್ನೆ ನೀವು, ನನ್ನ ಅಕ್ಕ ಹೇಗಿದ್ದಳೆಂದು ಕೇಳಿದಿರಿ. ನಾನು ಪೆಟ್ಟಿಗೆಯಿಂದ ಆ ರೀಲು ತೆಗೆದು ಕೊಟ್ಟೆ. ಒಂದು ತುದಿ ಹಿಡಿದು ಬಿಸಿಲಿಗೆತ್ತಿ, “ಏನೂ ಇಲ್ವಲ್ಲ ತಾತ,” ಅಂದಿರಿ.

ನೀವು ಹಿಡಿದಿದ್ದದ್ದು ರೀಲಿನ ಕೊನೆ. ಅಕ್ಕ ನಕ್ಕದ್ದು ಅಲ್ಲೇ.