ಅಡುಗೆಯಕ್ಕನ ಆವಾಜು

ಹತ್ತಾರು ದೇಶಗಳಲ್ಲಿ ಕಚೇರಿಗಳಿರುವ ದೊಡ್ಡ ಕಂಪ್ಯೂಟರ್ ಕಂಪನಿಯೊಂದು ತನ್ನ ಸಾಮಾಜಿಕ ಹೊಣೆಗಾರಿಕೆಯ ಕೆಲಸಕ್ಕೆ ಔರಾದ ತಾಲ್ಲೂಕಿನ ಕೆಲವು ಶಾಲೆಗಳನ್ನು ಆರಿಸಿಕೊಂಡಿತ್ತು. ಊರೂರು ಓಡಾಡಿ ಆ ಕೆಲಸ ನಡೆಸಬೇಕಾದದ್ದು ಬೀದರಿನ ನಮ್ಮ ಸಣ್ಣ ಸಂಸ್ಥೆ. ಮಕ್ಕಳಿಗೆ ಪಾಠ ಓದಿ ಹೇಳುವ ಯಂತ್ರ, ಅದೂ ಅವರ ಮನೆಯ ಮಾತಿನ ಧಾಟಿಯಲ್ಲಿ. ಅದಕ್ಕೊಂದು ದನಿ ಹುಡುಕುವ ಜವಾಬ್ದಾರಿ ನನ್ನ ಮೇಲೆ ಬಿತ್ತು.

ಮೇಷ್ಟ್ರುಗಳ, ಕಾಲೇಜು ಹುಡುಗಿಯರ ದನಿಗಳನ್ನು ಕಳಿಸಿದೆ. ಕಂಪನಿಯವರಿಗೆ ಯಾವುದೂ ಹಿಡಿಸಲಿಲ್ಲ. ಎಲ್ಲರೂ ವಾರ್ತೆ ಓದಿದ ಹಾಗೆ ಓದುತ್ತಿದ್ದರು. ಕಡೆಗೆ ಸಿಕ್ಕಿದ್ದು ಡಾಬಕಾದಿಂದಾಚೆ, ರಾಜ್ಯದ ಗಡಿಗೆ ಹತ್ತಿದ ಹಳ್ಳಿಯೊಂದರ ಶಾಲೆಯಲ್ಲಿ ಬಿಸಿಯೂಟ ಬೇಯಿಸುತ್ತಿದ್ದ ಅಕ್ಕ. ಐವತ್ತರ ಆಸುಪಾಸು, ಏಳನೆಯ ತರಗತಿವರೆಗೆ ಓದಿದ್ದರು. ಅಡುಗೆಮನೆಯ ಬಾಗಿಲಲ್ಲಿ ನಿಂತು "ಕೈ ತೊಳ್ಕೊಂಡು ಬರ್ರಿ" ಅಂದರೆ ಸಾಕು, ಕೂಗಿದ ಹಾಗೇ ಇರುತ್ತಿರಲಿಲ್ಲ, ಆದರೆ ಬಯಲಿನ ತುದಿಯಲ್ಲಿ ಆಡುವ ಮಕ್ಕಳಿಗೂ ಕೇಳುತ್ತಿತ್ತು.

ಬೇಸಿಗೆ ರಜೆಯಲ್ಲಿ ಅವರು ಹನ್ನೊಂದು ದಿನ ಬೀದರಿಗೆ ಬಂದರು. ನಮ್ಮ ಕಚೇರಿಯ ಹಿಂದಿನ ಕೋಣೆಯ ಗೋಡೆಗಳಿಗೆ ಮಾರ್ದನಿ ಬಾರದಂತೆ ಹೊದೆಯುವ ದಪ್ಪ ಕೌದಿಗಳನ್ನು ತೂಗುಬಿಟ್ಟು, ಫ್ಯಾನ್ ಆರಿಸಿ, ಧ್ವನಿಮುದ್ರಣ ಮಾಡಿದೆವು. ಒಪ್ಪಿಗೆ ಪತ್ರ ಇಂಗ್ಲಿಷಿನಲ್ಲಿತ್ತು. "ಅಕ್ಕಾ, ನಿಮ್ಮ ಆವಾಜದಾಗ ಮಕ್ಳಿಗಿ ಪಾಠ ಓದಿಸ್ತಾರ್ರಿ" ಎಂದು ನಾನು ಹೇಳಿದೆ. ಅವರು ಅಕ್ಷರ ಬಿಡಿಸಿ ಬಿಡಿಸಿ ಸಹಿ ಮಾಡಿದರು. ಯಂತ್ರ ಒಮ್ಮೆ ದನಿಯನ್ನು ಕಲಿತರೆ ಯಾರು ಏನನ್ನು ಬರೆದು ಕೊಟ್ಟರೂ ಆ ದನಿಯಲ್ಲೇ ನುಡಿಯುತ್ತದೆ ಎಂಬುದನ್ನು ಹೇಳಲಿಲ್ಲ. ನನಗೂ ಆಗ ಅದು ಸರಿಯಾಗಿ ತಿಳಿದಿರಲಿಲ್ಲ ಅನ್ನುವುದು ನಿಜ. ಕೇಳಿ ತಿಳಿದುಕೊಳ್ಳಲಿಲ್ಲ ಅನ್ನುವುದೂ ನಿಜ.

ಆ ಮಳೆಗಾಲದಲ್ಲಿ ಅವರು ತೀರಿಕೊಂಡರು. ಬೆಳಿಗ್ಗೆ ಮನೆಯಲ್ಲಿ ಅಕ್ಕಿ ಆರಿಸುತ್ತ ಕೂತವರು ಹಾಗೇ ಪಕ್ಕಕ್ಕೆ ವಾಲಿದರಂತೆ. ಔರಾದಿನ ದವಾಖಾನೆ ಮುಟ್ಟುವುದರೊಳಗೆ ಮುಗಿದಿತ್ತು. ಕಂಪನಿಗೆ ಬರೆದು ತಿಳಿಸಿದೆ. ಸಂತಾಪ ಸೂಚಿಸಿ ಉತ್ತರ ಬಂತು. ಅದರ ಕೊನೆಯ ಸಾಲಿನಲ್ಲಿ ಯಂತ್ರಗಳು ದಸರೆಯ ನಂತರ ತಲುಪುತ್ತವೆ ಎಂದಿತ್ತು.

ಆ ಶಾಲೆಯಲ್ಲಿ ಯಂತ್ರವನ್ನು ಜೋಡಿಸಿದವಳು ನಾನೇ. ಬುತ್ತಿ ಡಬ್ಬಿಯಷ್ಟು ದೊಡ್ಡದೊಂದು ಬಿಳಿ ಪೆಟ್ಟಿಗೆ. ಮಕ್ಕಳು ಗದ್ದಲ ಮಾಡುತ್ತಿದ್ದರು. ಹೆಡ್‌ಮಾಸ್ತರರು ಕೀಲಿಮಣೆಯಲ್ಲಿ ಒಂದು ಮಾತು ಒತ್ತಿದರು.

"ಎಲ್ಲಾರೂ ಸುಮ್ಮ ಕೂಡ್ರಿ" ಎಂದಿತು ಪೆಟ್ಟಿಗೆ.

ಗದ್ದಲ ಕತ್ತರಿಸಿದ ಹಾಗೆ ನಿಂತಿತು. ಮಕ್ಕಳು ಪೆಟ್ಟಿಗೆಯ ಕಡೆ ನೋಡಲಿಲ್ಲ. ಒಬ್ಬೊಬ್ಬರಾಗಿ ಕತ್ತು ತಿರುಗಿಸಿ ಅಡುಗೆಮನೆಯ ಬಾಗಿಲ ಕಡೆ ನೋಡಿದರು. ಹೆಡ್‌ಮಾಸ್ತರರು ಸಣ್ಣ ದನಿಯಲ್ಲಿ ಕೇಳಿದರು: "ಬ್ಯಾರೆ ಆವಾಜ ಇಲ್ಲೇನ್ರಿ ಮೇಡಂ ಇದರಾಗ?"

ಇರಲಿಲ್ಲ.

ಎರಡು ವಾರದ ಮೇಲೆ ಅವರ ಫೋನು ಬಂತು. "ಒಮ್ಮಿ ಬಂದು ನೋಡ್ರಿ. ಹೇಳಿದ್ರ ತಿಳೆಂಗಿಲ್ಲ." ಹೋದೆ. ಹನ್ನೊಂದು ಗಂಟೆಗೆ ಪಾಠ ಮುಗಿಯಿತು, ಯಂತ್ರ ಸುಮ್ಮನಾಯಿತು. ಸಣ್ಣ ತರಗತಿಯ ಮಕ್ಕಳು ಎದ್ದರು, ನಳದ ಹತ್ತಿರ ಹೋಗಿ ಕೈ ತೊಳೆದರು, ತಾಟು ಹಿಡಿದು ಅಡುಗೆಮನೆಯ ಮುಂದೆ ಸಾಲಾಗಿ ಕೂತರು. ಊಟಕ್ಕೆ ಇನ್ನೂ ಬಹಳ ಹೊತ್ತಿತ್ತು, ಒಲೆಯ ಮೇಲೆ ಎಸರು ಕೂಡ ಕಾದಿರಲಿಲ್ಲ. ಯಾರೂ ಕರೆದಿರಲಿಲ್ಲ.

ಹೊಸ ಅಡುಗೆಯವಳು ಸೌಟು ಹಿಡಿದು ಬಾಗಿಲಲ್ಲೇ ನಿಂತಿದ್ದಳು. "ಒಳಗ ಆಕಿ ಮಾತಾಡ್ತಿದ್ರ ನಾ ಹ್ಯಾಂಗ ಅಡಗಿ ಮಾಡ್ಲಿರಿ? ಉಪ್ಪ ಹಾಕೀನೋ ಇಲ್ಲೋ ಮರೀತೇನಿ. ಬೆನ್ನ ಹಿಂದ ನಿಂತು ನೋಡ್ದಂಗ ಆಗ್ತದ" ಎಂದಳು. ಆ ತಿಂಗಳೇ ಕೆಲಸ ಬಿಟ್ಟಳು.

ಇದನ್ನೆಲ್ಲ ನಾನು ವರದಿಯಲ್ಲಿ ಬರೆದೆ. ಅದು ಕೈಯಿಂದ ಕೈಗೆ ಓಡಾಡಿ 'ಮಕ್ಕಳ ಸ್ಪಂದನೆ ಅತ್ಯುತ್ತಮ' ಎಂದಾಗಿ ಮೇಲೆ ತಲುಪಿತು.

ಆಮೇಲೆ ಕಂಪನಿಯವರು ಚಿತ್ರೀಕರಣಕ್ಕೆ ಬಂದರು. ಊರವರನ್ನೆಲ್ಲ ಬಯಲಲ್ಲಿ ಕೂರಿಸಿದ್ದರು. ಭಾಲ್ಕಿಯಲ್ಲಿ ನರ್ಸ್ ಆಗಿರುವ ಅಕ್ಕನ ಮಗಳೂ ಬಂದಿದ್ದಳು. ಯಂತ್ರ ಬಂದ ಮೇಲೆ ಅವಳು ಶಾಲೆಯ ಕಡೆ ಕಾಲಿಟ್ಟಿದ್ದು ಅದೇ ಮೊದಲು. ಕ್ಯಾಮೆರಾದವರ ಜೊತೆಗಿದ್ದ ಅಧಿಕಾರಿಯೊಬ್ಬರು ಹುಮ್ಮಸ್ಸಿನಿಂದ ಏನನ್ನೋ ಬರೆದು ಯಂತ್ರಕ್ಕೆ ಕೊಟ್ಟರು.

"ನಮ್ಮ ಊರಿಗೆ ಬೆಳಕು ತಂದ ಕಂಪನಿಗೆ ಹೃತ್ಪೂರ್ವಕ ಧನ್ಯವಾದಗಳು" ಎಂದರು ಸತ್ತ ಅಕ್ಕ. ಮಾತಿನ ನಡುವೆ ಅವರು ಉಸಿರು ಎಳೆದುಕೊಳ್ಳುತ್ತಿದ್ದ ರೀತಿಯೂ ಹಾಗೇ ಇತ್ತು.

ಮಗಳು ಎದ್ದು ನಿಂತಳು. "ಇದು ನಮ್ಮವ್ವ ಅಂದಿದ್ದಲ್ರಿ. ಇಂಥಾ ಮಾತು ಆಕಿ ಜನ್ಮದಾಗ ಅಂದಾಕಿ ಅಲ್ಲ." ಆಮೇಲೆ ನನ್ನ ಕಡೆ ತಿರುಗಿದಳು. "ಆಕಿ ಅಂದಿದ್ದು ಯಾವ್ದು, ನೀವ್ ಅನ್ನಿಸಿದ್ದು ಯಾವ್ದು? ನಂಗ ಹ್ಯಾಂಗ ತಿಳೀಬೇಕ್ರಿ?"

ಆ ದಿನ ಚಿತ್ರೀಕರಣ ಅಲ್ಲಿಗೇ ನಿಂತಿತು.

ಮರುವಾರ ಮೂಲ ಧ್ವನಿಮುದ್ರಣವನ್ನೆಲ್ಲ ಲ್ಯಾಪ್‌ಟಾಪಿಗೆ ತುಂಬಿಕೊಂಡು ಭಾಲ್ಕಿ ಬಸ್ಸು ಹತ್ತಿದೆ. ಅದನ್ನು ಹೊರಗೆ ಒಯ್ಯಲು ನಾನು ಯಾರ ಅನುಮತಿಯನ್ನೂ ಕೇಳಲಿಲ್ಲ. ಮಗಳ ಬಾಡಿಗೆ ಕೋಣೆಯಲ್ಲಿ, ಬುದ್ಧನ ಪಟದ ಕೆಳಗೆ, ಹಾಡುಹಗಲಲ್ಲಿ ಕೂತು ಕೇಳಿದೆವು. ಪಾಠಗಳ ನಡುವೆ ಅಕ್ಕ ನೀರು ಕೇಳುತ್ತಿದ್ದರು, ಕೆಮ್ಮುತ್ತಿದ್ದರು, ಕೌದಿಯ ಕೋಣೆಯ ಸೆಕೆಯನ್ನು ಬೈಯುತ್ತಿದ್ದರು. ಮಗಳು ಒಮ್ಮೆ ನಕ್ಕಳು ಕೂಡ. ಒಂಬತ್ತನೆಯ ದಿನದ ಧ್ವನಿ ಕಡತದಲ್ಲಿ, ಓದು ನಿಲ್ಲಿಸಿ ಅಕ್ಕ ಕೇಳಿದರು:

"ತಂಗಿ, ನಾ ಸತ್ತ ಮ್ಯಾಲೂ ಇದು ಓದ್ತದೇನ?"

"ಹೂನ್ರಿ ಅಕ್ಕಾ, ನೂರು ವರ್ಷ ಓದ್ತದ!" ಎಂದು ನಗುವ ಹೆಂಗಸಿನ ದನಿ. ಅದು ನನ್ನದೇ ಎಂದು ಗುರುತಿಸಲು ಸ್ವಲ್ಪ ಹೊತ್ತು ಹಿಡಿಯಿತು. ಹಾಗೆ ಹೇಳಿದ್ದು ನನಗೆ ಈಗಲೂ ನೆನಪಿಗೆ ಬರುವುದಿಲ್ಲ.

ಆಮೇಲೆ ಬಹಳ ಹೊತ್ತು ಏನೂ ಕೇಳಿಸಲಿಲ್ಲ. ಕಡತ ಮುಗಿಯಿತೆಂದು ನಾನು ಕೈ ಚಾಚಿದೆ, ಮಗಳು ತಡೆದಳು. ಅಕ್ಕನ ದನಿ ಮತ್ತೆ ಬಂತು: "ಹಂಗಾದ್ರ ಹಿಂಗ ಓದಿದ್ರ ನಡೆಂಗಿಲ್ಲ. ಮೊದಲಿಂದ ಹಚ್ಚು." ಮತ್ತೆ ಮೊದಲ ಸಾಲಿನಿಂದ, ನಿಧಾನಕ್ಕೆ, ಒಂದೊಂದು ಅಕ್ಷರಕ್ಕೂ ಜಾಗ ಕೊಟ್ಟು ಓದಿದರು.

ಮಗಳು ಕಣ್ಣೊರೆಸಿಕೊಂಡಳು. "ಓದಾಕ ಒಪ್ಪ್ಯಾಳ. ಓದೋದು ಇರ್ಲಿ ಬಿಡ್ರಿ. ಆಕಿ ಬಾಯಾಗ ಮಾತು ತುಂಬೋದು ಬ್ಯಾಡ."

ಅದನ್ನೇ ಅವಳ ಹೆಸರಿನಲ್ಲಿ ಬರೆದು, ಕೆಳಗೆ ಎಲ್ಲ ತಿಳಿಸದೆ ಸಹಿ ಹಾಕಿಸಿದ್ದನ್ನೂ ಕೇಳದೆ ಧ್ವನಿಮುದ್ರಣ ಒಯ್ದದ್ದನ್ನೂ ಒಪ್ಪಿಕೊಂಡು, ಕಂಪನಿಗೆ ಕಳಿಸಿದೆ. ನಾಲ್ಕು ಸಲ ಬರೆದ ಮೇಲೆ ಎರಡು ಸಾಲಿನ ಉತ್ತರ ಬಂತು. ಯಂತ್ರ ಕಲಿತ ದನಿಯನ್ನು ಅಳಿಸಿದರು. ಅಕ್ಕ ತಾವೇ ಓದಿದ ಪಾಠಗಳನ್ನು ಮಾತ್ರ ಉಳಿಸಿದರು. ಉಳಿದ ಮಾತುಗಳಿಗೆ ಬೇರೆ ದನಿ ಬಂತು, ಎಲ್ಲಿಯದೂ ಅಲ್ಲದ ಒಂದು ದನಿ. ಮಕ್ಕಳು ಅದಕ್ಕೆ ಎಳ್ಳಷ್ಟೂ ಬೆಲೆ ಕೊಡುವುದಿಲ್ಲವೆಂದು ಹೆಡ್‌ಮಾಸ್ತರರು ದೂರುತ್ತಿರುತ್ತಾರೆ.

ಹೋದ ತಿಂಗಳು ಆ ಶಾಲೆಗೆ ಹೋಗಿದ್ದೆ. ಅಕ್ಕನ ಪಾಠವೊಂದು ನಡೆದಿತ್ತು. ಕೊನೆಯ ವಾಕ್ಯದ ನಂತರ ಅವರು ಉಸಿರು ಎಳೆದುಕೊಂಡದ್ದು ಕೇಳಿಸುತ್ತದೆ, ಮುಂದೆ ಏನೋ ಹೇಳಲಿರುವವರ ಹಾಗೆ. ಅಲ್ಲಿಗೆ ಧ್ವನಿಮುದ್ರಣ ಮುಗಿಯುತ್ತದೆ. ಆಟಕ್ಕೆ ಬಿಡುವ ಗಂಟೆ ಹೊಡೆದರೂ ಮಕ್ಕಳು ಏಳಲಿಲ್ಲ. ಆಮೇಲೆ ಒಬ್ಬಳು ಎದ್ದಳು, ಉಳಿದವರು ಅವಳ ಹಿಂದೆ ಹೊರಟರು. ನಾನು ಮಾತ್ರ ಇನ್ನೂ ಸ್ವಲ್ಪ ಹೊತ್ತು ಅಲ್ಲೇ ಕೂತಿದ್ದೆ.