ಅಂಗೈಗೆ ಕೇಳಿಸುತ್ತಿದ್ದ ಕೊಬ್ಬರಿ

ನನ್ನಮ್ಮ ಕಿವುಡಿಯಲ್ಲ, ನಾಟಕದವಳು ಎಂದು ತೀರ್ಮಾನ ಕೊಟ್ಟವಳು ನಮ್ಮಜ್ಜಿ, ಅಪ್ಪನ ತಾಯಿ. ಅದಕ್ಕೆ ತಲೆಯಾಡಿಸಿದವನು ಅಪ್ಪ. ಎಂಬತ್ತರ ದಶಕದ ಆರಂಭದ ಮಾತು. ಇವತ್ತಿಗೂ ನೆನೆದರೆ ಮೈ ಉರಿಯುತ್ತದೆ.

ಚಿಕ್ಕನಾಯಕನಹಳ್ಳಿ ಕಡೆಯ ನಮ್ಮ ಮನೆಯಲ್ಲಿ ತೆಂಗಿನಕಾಯಿಯನ್ನು ಸಿಪ್ಪೆ ಸಮೇತ ಅಟ್ಟಕ್ಕೆ ಹಾಕಿ ವರ್ಷದ ಹತ್ತಿರ ಬಿಡುತ್ತಿದ್ದೆವು. ಒಳಗಿನ ನೀರು ಇಂಗಿ, ಕೊಬ್ಬರಿ ಚಿಪ್ಪು ಬಿಟ್ಟು ಉಂಡೆಯಾಗಬೇಕು. ಆಗಿದೆಯೋ ಇಲ್ಲವೋ ತಿಳಿಯಲು ಕಾಯನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಬೇಕು. ಉಂಡೆ ಚಿಪ್ಪಿಗೆ ಬಡಿದು ಸದ್ದು ಬಂದರೆ ಆಗಿದೆ, ಇಲ್ಲದಿದ್ದರೆ ಇನ್ನೂ ಹಸಿ. ಆ ಕೆಲಸ ಅಮ್ಮನದು. ಒಂದು ಕಾಯೂ ತಪ್ಪುತ್ತಿರಲಿಲ್ಲ. ಆದರೆ ಬೆನ್ನ ಹಿಂದೆ ನಿಂತು ಹತ್ತು ಸಲ ಕೂಗಿದರೂ ತಿರುಗುತ್ತಿರಲಿಲ್ಲ.

“ತಿಪಟೂರಿಗೆ ಕರ್ಕೊಂಡೋಗಿ ಡಾಕ್ಟ್ರಿಗೆ ಕಿವಿ ತೋರ್ಸಪ್ಪ” ಎಂದು ಗೋಗರೆದೆ.

“ಕೊಬ್ರಿ ಸದ್ದು ಕೇಳುಸ್ತೈತೆ, ನಾವ್ ಕರುದ್ರೆ ಕೇಳ್ಸಲ್ವಾ? ಸುಮ್ಕಿರು” ಎಂದ ಅಪ್ಪ.

ಕೊಬ್ಬರಿ ಸೀಮೆಯವರಿಗೆ ಮಾತ್ರ ಹೊಳೆಯಬಹುದಾದ ದಡ್ಡತನ ಇದು. ಅಮ್ಮನೂ ಅವರ ಪರವಾಗಿಯೇ ಸಾಕ್ಷಿ ಹೇಳುತ್ತಿದ್ದಳು: “ಕಾಯಿ ಸದ್ದು ಚೆನ್ನಾಗ್ ಕೇಳುಸ್ತೈತೆ ಕಣೇ.” ನನಗೂ ಒಂದೆರಡು ಸಲ ಅನುಮಾನ ಬಂದಿತ್ತು. ಅದಕ್ಕೆ ನನ್ನ ಮೇಲೂ ನನಗೆ ಸಿಟ್ಟಿದೆ.

ಒಂದು ಬೆಳಿಗ್ಗೆ ಅಪ್ಪ, ಅಜ್ಜಿ ಇಬ್ಬರನ್ನೂ ಎದುರಿಗೆ ಕೂರಿಸಿದೆ. ಚೆನ್ನಾಗಿ ಸದ್ದು ಬರುವ ಕಾಯಿ ಆರಿಸಿ, ಅಮ್ಮನಿಗೆ ಅದನ್ನು ತೋರಿಸಿ ಕಣ್ಣು ಮುಚ್ಚಲು ಸನ್ನೆ ಮಾಡಿ, ನಾನೇ ಅವಳ ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿದೆ.

“ಇನ್ನೂ ಹಸಿ ಕಣೇ” ಎಂದಳು.

ಅದೇ ಕಾಯನ್ನು ಕೈಗೆ ಕೊಟ್ಟೆ. ಅಲ್ಲಾಡಿಸಿದ್ದೇ ಮುಖ ಅರಳಿತು. “ಆಗೈತೆ! ಸದ್ದು ಬತ್ತೈತಲ್ಲ!”

ಇನ್ನೆರಡು ಕಾಯಿಗೂ ಹಾಗೇ ಆಯಿತು. ಅವಳು ಸುಳ್ಳು ಹೇಳುತ್ತಿರಲಿಲ್ಲ. ಕೊಬ್ಬರಿ ಚಿಪ್ಪಿಗೆ ಬಡಿದದ್ದು ಅವಳ ಅಂಗೈಗೆ ತಿಳಿಯುತ್ತಿತ್ತು. ಕಿವಿ ನೆಟ್ಟಗಿದ್ದಾಗ ಎಷ್ಟೋ ವರ್ಷ ಕೇಳಿದ್ದ ಸದ್ದನ್ನು ತಲೆ ಆ ಬಡಿತಕ್ಕೆ ತಾನಾಗಿ ಸೇರಿಸುತ್ತಿತ್ತು. ಅವಳಿಗೆ ನಿಜವಾಗಿಯೂ ಕೇಳಿಸುತ್ತಿತ್ತು. ಇಷ್ಟು ಅರ್ಥವಾಗಲು ದೊಡ್ಡ ಓದೇನೂ ಬೇಕಿರಲಿಲ್ಲ, ಎದುರಿಗೆ ಕೂತವಳು ಮನುಷ್ಯಳು ಅನ್ನಿಸಿದ್ದರೆ ಸಾಕಿತ್ತು.

ಅಜ್ಜಿ ಕೈತಟ್ಟಿದಳು. “ನೋಡ್ದೇನ್ಲಾ? ತಾನ್ ಹಿಡುದ್ರೆ ಕೇಳುಸ್ತೈತೆ, ಮಗ್ಳು ಹಿಡುದ್ರೆ ಕೇಳ್ಸಲ್ಲ. ಎಂಥಾ ನಾಟ್ಕ!”

“ಬುಡವ್ವ. ಡಾಕ್ಟ್ರೂ ಬ್ಯಾಡ, ಗೀಕ್ಟ್ರೂ ಬ್ಯಾಡ” ಎಂದು ಅಪ್ಪ ಟವೆಲ್ ಕೊಡವಿ ಎದ್ದ.

ಅಮ್ಮನಿಗೆ ಇದಾವುದೂ ಕೇಳಿಸಿರಲಿಲ್ಲ. ಇಬ್ಬರ ಬಾಯಿ ಆಡುವುದನ್ನು ನೋಡಿ, ತನ್ನ ಕೆಲಸವನ್ನು ಹೊಗಳುತ್ತಿದ್ದಾರೆ ಅಂದುಕೊಂಡು ನಾಚಿ ನಕ್ಕಳು.