ಶಿರ-ಪುಚ್ಛ ಬೇರೆ, ಪುಚ್ಛ-ಶಿರ ಬೇರೆ

ಬೆಳಗಿನ ಐದೂಮುಕ್ಕಾಲು. ಮುದ್ರಣಾಲಯದ ಷಟರ್ ಅರ್ಧವಷ್ಟೇ ಮೇಲೆದ್ದಿದೆ. ಅದರಡಿ ಬಗ್ಗಿ ಒಳಬಂದ ಹೆಂಗಸು ಕಿಟಕಿಯ ಪಕ್ಕದ ಮೇಜಿಗೆ ಕೂತು ಎಡಗಣ್ಣಿಗೆ ಭೂತಗನ್ನಡಿ ಹಿಡಿಯುತ್ತಾರೆ. ಬಲಗಣ್ಣಿಗೆ ಪೊರೆ ಬಂದಿದೆ. ಯಂತ್ರದಿಂದ ಆಗಷ್ಟೇ ಇಳಿದ ಮಾದರಿ ಹಾಳೆ ಇನ್ನೂ ಹಸಿ. ಮಸಿ ಬೆರಳಿಗೆ ಅಂಟುತ್ತದೆ. ಹತ್ತನೇ ತರಗತಿಯ ಗಣಿತ ಕೈಪಿಡಿ, ಇನ್ನೂರ ಎಂಬತ್ತೆಂಟನೇ ಪುಟ. ಮೂರು ನಾಣ್ಯಗಳನ್ನು ಒಟ್ಟಿಗೆ ಚಿಮ್ಮಿದರೆ ಯಾವುದು ಶಿರ, ಯಾವುದು ಪುಚ್ಛ ಬೀಳಬಹುದು ಎಂಬ ಪಟ್ಟಿ ಅಲ್ಲಿದೆ. ಎಂಟು ಸಾಲು ಇರಬೇಕಾದಲ್ಲಿ ನಾಲ್ಕಿವೆ.

ಅವರು ಪೆನ್ಸಿಲಿನ ತುದಿಯಿಂದ ಇನ್ನೊಮ್ಮೆ ಎಣಿಸುತ್ತಾರೆ. ನಾಲ್ಕೇ. ಆಮೇಲೆ ಯಂತ್ರದ ಕಡೆ ತಿರುಗಿ, ದನಿ ಎತ್ತದೆ, "ಅಣ್ಣಾ, ನಿಲ್ಸಿ" ಎನ್ನುತ್ತಾರೆ.

"ಏನಕ್ಕಾ, ಬೆಳಿಗ್ಗೆ ಬೆಳಿಗ್ಗೆನೇ ಕೊಂಬು ಬಂತಾ?" ಯಂತ್ರ ನಡೆಸುವವರು ಒರಸುಬಟ್ಟೆಯಲ್ಲಿ ಕೈ ಒರಸಿಕೊಳ್ಳುತ್ತಾ ಬರುತ್ತಾರೆ.

"ನಂಗಲ್ಲ. ಅರ್ಧ ಪಟ್ಟಿ ಯಾರೋ ನುಂಗಿಬಿಟ್ಟಿದಾರೆ, ನೋಡಿ."

ಇಪ್ಪತ್ತಾರು ವರ್ಷದಿಂದ ಇಲ್ಲಿ ಕರಡು ತಿದ್ದುತ್ತಿರುವ ಇವರು ಎಲ್ಲರ ಬಾಯಲ್ಲೂ ಕೊಂಬಕ್ಕ. ಸೇರಿದ ಹೊಸದರಲ್ಲಿ ಯಾವುದೋ ಅಕ್ಷರದ ಕೊಂಬು ಬಿಟ್ಟುಹೋಗಿದೆಯೆಂದು ಯಂತ್ರ ನಿಲ್ಲಿಸಿದ್ದರಂತೆ. ಅಂದು ಬೈದವರು ಕೆಲಸ ಬಿಟ್ಟು ಹೋದರು, ಅಡ್ಡಹೆಸರು ಉಳಿಯಿತು. ದಿನಕ್ಕೆ ನಲವತ್ತೆಂಟು ಪುಟ. ಪ್ರತಿ ಪುಟವನ್ನೂ ಮೂರು ಸಲ ಓದುತ್ತಾರೆ: ಒಮ್ಮೆ ಅಕ್ಷರಕ್ಕೆ, ಒಮ್ಮೆ ಅಂಕಿಗೆ, ಕೊನೆಗೊಮ್ಮೆ "ಪರೀಕ್ಷೆಗೆ ಕೂತೋರ ಥರ". ಸಂಜೆ ಬಸ್ಸಿನಲ್ಲಿ ಅಂಗಡಿಗಳ ಫಲಕ ಕಣ್ಣಿಗೆ ಬಿದ್ದರೂ ತಲೆ ನೋಯುತ್ತದೆ. ಕಣ್ಣು ಮುಚ್ಚಿಯೇ ಮನೆ ಸೇರುತ್ತಾರೆ. ಕಣ್ಣಿನ ವೈದ್ಯರು ಶಸ್ತ್ರಚಿಕಿತ್ಸೆಗೆ ಎರಡು ಸಲ ದಿನ ಕೊಟ್ಟಿದ್ದರು. ಎರಡನ್ನೂ ಮುಂದೂಡಿದ್ದಾರೆ, ಈ ಕೈಪಿಡಿ ಒಂದು ಮುಗಿಯಲಿ ಎಂದು.

ಅಷ್ಟರಲ್ಲಿ ಪುಟ ಜೋಡಿಸುವವನು ಬರುತ್ತಾನೆ. ಎರಡು ಮಕ್ಕಳ ತಂದೆ, ಕೆಲಸದಲ್ಲಿ ಚುರುಕು. "ನಾನೇ ತೆಗ್ದಿದ್ದಕ್ಕಾ. ನೀವು ಸಹಿ ಹಾಕಿ ಹೋದ್ಮೇಲೆ ಕಣ್ಣಿಗೆ ಬಿತ್ತು. ಶಿರ ಶಿರ ಪುಚ್ಛ, ಕೆಳಗೆ ಶಿರ ಪುಚ್ಛ ಶಿರ, ಅದ್ರ ಕೆಳಗೆ ಪುಚ್ಛ ಶಿರ ಶಿರ. ಒಂದನ್ನೇ ಮೂರ್ಮೂರು ಸಲ ಬರ್ದಿದಾರೆ ಅಂದ್ಕೊಂಡೆ. ಚಿತ್ರಕ್ಕೂ ಜಾಗ ಸಾಲ್ತಿರ್ಲಿಲ್ಲ."

ಇದು ಪುಟ ಜೋಡಿಸುವವರೇ ಮಾಡಬಲ್ಲ ತಪ್ಪು. ಎರಡೆರಡು ಸಲ ಬಂದಿದ್ದನ್ನು ಕಂಡರೆ ಅಳಿಸಬೇಕೆಂದು ಅವರ ಕಣ್ಣು ಪಳಗಿರುತ್ತದೆ.

"ನೀನು ಕೆಲ್ಸಕ್ಕೆ ಬರ್ತೀಯ, ನಿನ್ನ ಹೆಂಡ್ತಿ ಮನೇಲಿ ಮಕ್ಕಳನ್ನ ನೋಡ್ಕೋತಾಳೆ. ನಾಳೆಯಿಂದ ಅವಳು ಬರ್ಲಿ, ನೀನು ಮಕ್ಕಳನ್ನ ನೋಡ್ಕೋ. ಎರಡೂ ಒಂದೇನಾ?" ಎಂದು ಕೊಂಬಕ್ಕ ಅವನನ್ನು ಕೇಳುತ್ತಾರೆ.

"ಒಂದೇ ಅಂತ ಅವಳೆದುರಿಗೆ ಹೇಳು ನೋಡೋಣ" ಎಂದು ಯಂತ್ರದವರು ನಗುತ್ತಾರೆ. ಅವನು ನಗುವುದಿಲ್ಲ. ಹಾಳೆಯನ್ನೇ ನೋಡುತ್ತಾ ನಿಲ್ಲುತ್ತಾನೆ.

ಕೊಂಬಕ್ಕ ಹಾಳೆ ತಿರುಗಿಸಿ ಹಿಂಬದಿಯಲ್ಲಿ ಬರೆದು ತೋರಿಸುತ್ತಾರೆ. ಮೊದಲ ನಾಣ್ಯ ನಾಲ್ಕು ಸಾಲು ಶಿರ, ನಾಲ್ಕು ಸಾಲು ಪುಚ್ಛ. ಎರಡನೆಯದು ಎರಡು ಸಾಲಿಗೊಮ್ಮೆ ಬದಲಾಗುತ್ತದೆ, ಮೂರನೆಯದು ಸಾಲಿಗೊಮ್ಮೆ. ಎಂಟು ಸಾಲು ತಾವಾಗಿಯೇ ತುಂಬುತ್ತವೆ, ಒಂದೂ ತಪ್ಪುವುದಿಲ್ಲ. ಪುಟದ ಲೆಕ್ಕ ಕೇಳುವ, ಒಂದೇ ಒಂದು ಶಿರ ಬೀಳುವ ಘಟನೆ ಅವುಗಳಲ್ಲಿ ಮೂರು ಕಡೆ ಇದೆ. ಉತ್ತರ ಎಂಟರಲ್ಲಿ ಮೂರು. ನಾಲ್ಕೇ ಸಾಲು ಓದಿಕೊಂಡವರು ನಾಲ್ಕರಲ್ಲಿ ಒಂದು ಎಂದು ಬರೆದು ಬರುತ್ತಾರೆ.

ಅಚ್ಚಿನ ತಗಡು ಹೊಸದಾಗಿ ಮಾಡಬೇಕು. ಮಾಲೀಕರು ಫೋನಿನಲ್ಲಿ ಒಪ್ಪುವುದಿಲ್ಲ. "ಹೋಗ್ಲಿ ಬಿಡಿ, ಕೊನೇಲಿ ಒಂದು ತಪ್ಪು-ಒಪ್ಪು ಚೀಟಿ ಅಂಟ್ಸೋಣ. ನಾಳೆ ಒಯ್ಯೋಕೆ ಗಾಡಿ ಬರುತ್ತೆ."

"ಆ ಚೀಟಿ ಯಾರು ಓದ್ತಾರೆ ಸರ್?"

ಕೇಳುತ್ತಲೇ ಇವರು ನಾಲ್ಕು ಸಾಲಿನ ಹಾಳೆಯನ್ನು ಬದಿಗೆ ಸರಿಸುತ್ತಾರೆ. ಆಮೇಲೆ, "ಹಿಂದೆ ಒಂದ್ಸಲ ನಾನೇ ಬಿಟ್ಟಿದೀನಿ ಸರ್, ನಿಮ್ಗೆ ಗೊತ್ತು" ಎನ್ನುತ್ತಾರೆ.

"ಎರಡು ಗಂಟೆ. ಅಷ್ಟರೊಳಗೆ ಮುಗೀಬೇಕು" ಎಂದು ಮಾಲೀಕರು ಫೋನ್ ಇಡುತ್ತಾರೆ.

ಆ ಎರಡು ಗಂಟೆಯಲ್ಲಿ ಕೊಂಬಕ್ಕ ಹಳೆಯದನ್ನು ಹೇಳುತ್ತಾರೆ, ಬೇರೆ ಯಾರದೋ ಸಂಗತಿ ಎಂಬಂತೆ. ಹದಿನೇಳು ವರ್ಷದ ಹಿಂದಿನ ಮಾತು. ಎರಡು ನಾಣ್ಯದ ಲೆಕ್ಕ. ಶಿರ-ಪುಚ್ಛ ಇತ್ತು, ಪುಚ್ಛ-ಶಿರ ಇರಲಿಲ್ಲ. ಎರಡೂ ಶಿರ ಬೀಳುವ ಸಂಭವ ಮೂರರಲ್ಲಿ ಒಂದು ಎಂದು ಅಚ್ಚಾಯಿತು. ನಾಲ್ಕರಲ್ಲಿ ಒಂದು ಆಗಬೇಕಿತ್ತು. "ಅಕ್ಷರ ಒಂದೂ ತಪ್ಪಿರ್ಲಿಲ್ಲ. ನಾನು ಅಕ್ಷರ ನೋಡ್ದೆ, ಲೆಕ್ಕ ನೋಡ್ಲಿಲ್ಲ."

ಆ ವರ್ಷ ಮಗಳು ಅದೇ ಕೈಪಿಡಿ ಓದಿ ಪರೀಕ್ಷೆಗೆ ಕೂತಳು. ಒಂದು ಅಂಕಕ್ಕೆ ಗಣಿತ ಹೋಯಿತು. "ಪುಸ್ತಕದಲ್ಲಿ ಹಂಗೇ ಇತ್ತಮ್ಮ ಅಂದ್ಳು. ಅಷ್ಟೇ. ಇನ್ನೇನೂ ಅನ್ಲಿಲ್ಲ. ಬೈದಿದ್ರೆ ಚೆನ್ನಾಗಿತ್ತು." ಮಗಳು ಮತ್ತೆ ಬರೆದು ಪಾಸಾದಳು; ಈಗ ರಕ್ತಪರೀಕ್ಷೆಯ ಲ್ಯಾಬಿನಲ್ಲಿ ಕೆಲಸ. ತಾಯಿ ಆ ಬೇಸಿಗೆಯಲ್ಲಿ ಸಂಭವನೀಯತೆಯ ಪಾಠ ಹಿಡಿದು ಕೂತರು, ಕೊನೆಯ ಲೆಕ್ಕದವರೆಗೆ. ತಾಯಿ ಮಗಳು ಆ ಪುಟದ ಮಾತನ್ನು ಮತ್ತೆ ಎತ್ತಿಲ್ಲ.

ಎಂಟೂವರೆಗೆ ಹೊಸ ಹಾಳೆ ಬರುತ್ತದೆ. ಖಾಲಿ ಕಾಗದವನ್ನು ಸಾಲಿನಿಂದ ಸಾಲಿಗೆ ಕೆಳಗೆ ಜಾರಿಸುತ್ತಾ ಎಂಟನ್ನೂ ಓದುತ್ತಾರೆ, ಕೆಳಗಿನಿಂದ ಮೇಲಕ್ಕೆ ಇನ್ನೊಮ್ಮೆ. ಸಹಿ ಹಾಕುತ್ತಾರೆ. ಯಂತ್ರ ಶುರುವಾದ ಮೇಲೂ ಕೈ ಹಾಳೆಯ ಮೇಲೇ ಇದೆ.

ಪುಸ್ತಕದಲ್ಲಿ ಎಲ್ಲಾದರೂ ನಿಮ್ಮ ಹೆಸರು ಇರುತ್ತದೆಯೇ ಎಂದು ಕೇಳಿದರೆ ಇಲ್ಲವೆಂದು ತಲೆ ಆಡಿಸುತ್ತಾರೆ. "ಮುಂಚೆ ಎರಡನೇ ಪುಟದಲ್ಲಿ ಹಾಕ್ತಿದ್ರು. ಮಗಳದ್ದು ಹಂಗಾದ್ಮೇಲೆ ನಾನೇ ಬೇಡ ಅಂದೆ."

ಕನ್ನಡಕ ತೆಗೆದು ಬಲಗಣ್ಣು ಒತ್ತಿಕೊಳ್ಳುತ್ತಾರೆ.

"ಮೊದಲಿನ ಪುಟಗಳು ಕೊನೆಗೇ ಅಚ್ಚಾಗೋದು, ಎರಡನೇ ಪುಟ ಇನ್ನೂ ಹೋಗಿಲ್ಲ. ಈ ಸಲ ಹಾಕಿ ಅಂತ ಕೇಳೋಣ ಅನ್ನಿಸ್ತಿದೆ. ಸಣ್ಣ ಅಕ್ಷರದಲ್ಲಿ ಸಾಕು. ತಪ್ಪಿದ್ರೆ ಯಾರನ್ನ ಕೇಳ್ಬೇಕು ಅಂತ ಓದೋರಿಗೆ ಗೊತ್ತಿರ್ಬೇಕಲ್ವಾ."